ಒಡೆಯನ ಋಣ, ಒಲಿದವಳ ಪಾಲು: ಜಪಾನಿನ ಆರಂಭಕಾಲದ ಸಮುರಾಯ್ ಚಿತ್ರಗಳಲ್ಲಿ ಪ್ರೇಮ ಮತ್ತು ಕರ್ತವ್ಯ

ಸಮುರಾಯ್ ಚಿತ್ರ ಎಂದೊಡನೆ ನಮ್ಮಲ್ಲಿ ಹೆಚ್ಚಿನವರ ಕಣ್ಣ ಮುಂದೆ ಬರುವುದು 1954ರ ‘ಸೆವೆನ್ ಸಮುರಾಯ್’, ಅದರ ಮಳೆ, ಕೆಸರು, ಕಾಳಗ. ಈ ಉಪನ್ಯಾಸದಲ್ಲಿ ನಾನು ಮಾತನಾಡಬೇಕೆಂದಿರುವುದು ಅದಕ್ಕಿಂತ ಹಿಂದಿನ ಕಾಲದ ಚಿತ್ರಗಳ ಬಗ್ಗೆ. ಸುಮಾರಾಗಿ 1910ರಿಂದ 1942ರವರೆಗೆ ಹೆಚ್ಚಾಗಿ ಕ್ಯೋತೊ ನಗರದ ಸ್ಟುಡಿಯೊಗಳಲ್ಲಿ ತಯಾರಾದ, ಬಹುಪಾಲು ಇಂದು ಕಳೆದುಹೋಗಿರುವ ಚಿತ್ರಗಳ ಬಗ್ಗೆ. ಅವುಗಳಲ್ಲಿ ಪ್ರೇಮ ಮತ್ತು ಕರ್ತವ್ಯಗಳ ನಡುವೆ ಸಂಘರ್ಷವಿದೆ ಎನ್ನುವುದನ್ನು ಎಲ್ಲ ವಿಮರ್ಶಕರೂ ಬರೆದಿದ್ದಾರೆ. ಅದನ್ನು ಅಲ್ಲಗಳೆಯುವ ಕಾರಣ ನನಗಿಲ್ಲ. ಆದರೆ ಸಂಘರ್ಷ ಎಂಬ ಮಾತು ವೀರನ ಎದೆಯೊಳಗಿನ ತಳಮಳವನ್ನಷ್ಟೇ ತೋರಿಸುತ್ತದೆ. ಆ ತಳಮಳದ ಬೆಲೆಯನ್ನು ಕಟ್ಟಿದವರು ಯಾರು ಎಂಬುದನ್ನು ಮರೆಮಾಡುತ್ತದೆ. ಈ ಚಿತ್ರಗಳನ್ನು ಒಂದಾದ ಮೇಲೊಂದು ನೋಡುತ್ತ ಹೋದಾಗ ನನಗೆ ಕಂಡದ್ದು ಇಷ್ಟು: ಒಡೆಯನ ಋಣ ಗಂಡಸಿನ ತಲೆಯ ಮೇಲಿರುತ್ತದೆ, ಅದನ್ನು ತೀರಿಸುವ ಸರದಿ ಮಾತ್ರ ಮತ್ತೆ ಮತ್ತೆ ಅವನನ್ನು ಒಲಿದ ಹೆಣ್ಣಿನದಾಗುತ್ತದೆ. ಒಳ್ಳೆಯ ನಿರ್ದೇಶಕರು ಇದನ್ನು ಗಮನಿಸಿದ್ದರು, ಮತ್ತು ಗಮನಿಸಿದ್ದನ್ನು ತೆರೆಯ ಮೇಲೆ ಇಡಲು ತಮ್ಮ ತಮ್ಮ ದಾರಿಗಳನ್ನು ಹುಡುಕಿಕೊಂಡರು.

ಮೊದಲು ಹಿನ್ನೆಲೆಯನ್ನು ಸ್ವಲ್ಪ ಹೇಳಬೇಕು. ಜಪಾನೀಯರು ಈ ಎರಡು ಸೆಳೆತಗಳನ್ನು ಗಿರಿ ಮತ್ತು ನಿಂಜೊ ಎಂದು ಕರೆಯುತ್ತಾರೆ. ಗಿರಿ ಎಂದರೆ ಒಡೆಯನಿಗೆ, ಗುರುವಿಗೆ, ಮನೆತನಕ್ಕೆ ಸಲ್ಲಿಸಲೇಬೇಕಾದ ಬಾಧ್ಯತೆ. ನಮ್ಮ ಹಳಗನ್ನಡ ಕವಿಗಳು ಜೋಳದ ಪಾಳಿ ಎಂದದ್ದಕ್ಕೆ ತೀರ ಹತ್ತಿರದ್ದು. ನಿಂಜೊ ಎಂದರೆ ಮನುಷ್ಯಸಹಜವಾದ ಮಮತೆ, ಮೋಹ, ಕರುಣೆ. ಈ ಜೋಡಿಯನ್ನು ರಂಗಭೂಮಿಯ ಮುಖ್ಯ ವಸ್ತುವನ್ನಾಗಿಸಿದವನು ಬೊಂಬೆಯಾಟದ ಮಹಾಕವಿ ಚಿಕಮತ್ಸು ಮೊನ್ಜಾಯೆಮೊನ್. 1703ರಲ್ಲಿ ಅವನು ಬರೆದ ‘ಸೊನೆಜಾಕಿಯ ಪ್ರೇಮಾತ್ಮಹತ್ಯೆ’ಯ ನಾಯಕ ಒಂದು ಸೋಯಾ ಸಾಸ್ ಅಂಗಡಿಯ ಗುಮಾಸ್ತ, ನಾಯಕಿ ಒಬ್ಬ ವೇಶ್ಯೆ. ಇಂತಹ ನಾಟಕಗಳನ್ನು ನೋಡಿ ಪ್ರೇಮಿಗಳು ಜೊತೆಯಾಗಿ ಸಾಯುವುದು ಹೆಚ್ಚಾಯಿತೆಂದು 1723ರಲ್ಲಿ ಶೋಗುನ್ ಎಂಬ ಸೇನಾಧಿಪತಿಯ ಆಡಳಿತ ಅವುಗಳನ್ನೇ ನಿಷೇಧಿಸಿತು. ಗಮನಿಸಬೇಕಾದದ್ದೆಂದರೆ, ಚಿಕಮತ್ಸುವಿನ ಈ ಪ್ರೇಮಿಗಳು ಪೇಟೆಯ ಜನ. ಸಮುರಾಯ್‌ಗೆ ಹಾಗೆ ಬಹಿರಂಗವಾಗಿ ಪ್ರೇಮಕ್ಕಾಗಿ ಸಾಯುವ ಅವಕಾಶವಿರಲಿಲ್ಲ. ಹದಿನೆಂಟನೆಯ ಶತಮಾನದ ಆದಿಯ ‘ಹಾಗಾಕುರೆ’ ಎಂಬ ಸಮುರಾಯ್ ನೀತಿಗ್ರಂಥವಂತೂ ಹೇಳದೆ ಉಳಿಸಿಕೊಂಡ ಪ್ರೇಮವೇ ಎಲ್ಲಕ್ಕಿಂತ ಎತ್ತರದ್ದೆಂದು ಹೊಗಳುತ್ತದೆ.

ಸಮುರಾಯ್‌ಗೆ ಸಂಬಂಧಿಸಿದ ದೊಡ್ಡ ಕಥೆ ‘ಚೂಶಿಂಗುರ’. 1701ರಲ್ಲಿ ಅಸಾನೊ ಎಂಬ ಸಾಮಂತ ಎದೊ (ಇಂದಿನ ಟೋಕಿಯೊ) ಕೋಟೆಯೊಳಗೆ ಕಿರಾ ಎಂಬ ಅಧಿಕಾರಿಯ ಮೇಲೆ ಕತ್ತಿ ಎತ್ತಿ, ಅದೇ ದಿನ ಹೊಟ್ಟೆ ಸೀಳಿಕೊಂಡು ಸಾಯುವ ಶಿಕ್ಷೆಗೆ ಒಳಗಾದ. ಒಡೆಯನಿಲ್ಲದ ಅವನ ಸೇವಕರು ಸುಮಾರು ಎರಡು ವರ್ಷ ಕಾದು, ಕಿರಾನ ಮನೆಗೆ ನುಗ್ಗಿ ತಲೆ ತೆಗೆದರು. 1703ರಲ್ಲಿ ಅವರಲ್ಲಿ 46 ಮಂದಿಗೆ ಸೆಪ್ಪುಕುವಿನ, ಅಂದರೆ ಹಾಗೆಯೇ ಹೊಟ್ಟೆ ಸೀಳಿಕೊಂಡು ಸಾಯುವ, ಆಜ್ಞೆಯಾಯಿತು. ಈ ಘಟನೆಯನ್ನು ಹದಿನಾಲ್ಕನೆಯ ಶತಮಾನಕ್ಕೆ ಸರಿಸಿ, ಹೆಸರುಗಳನ್ನು ಬದಲಿಸಿ ಬರೆದ 1748ರ ಬೊಂಬೆನಾಟಕವೇ ಮುಂದೆ ಕಬುಕಿ ಎಂಬ ಸಾಂಪ್ರದಾಯಿಕ ರಂಗನಾಟಕದಲ್ಲೂ ಸಿನಿಮಾದಲ್ಲೂ ನೂರಾರು ಬಾರಿ ಮರುಹುಟ್ಟು ಪಡೆಯಿತು. ನಮ್ಮ ವಿಷಯಕ್ಕೆ ಮುಖ್ಯವಾದದ್ದು ಅದರೊಳಗಿನ ಕಂಪೈ ಮತ್ತು ಒಕರು ಅವರ ಉಪಕಥೆ. ಒಡೆಯ ಕತ್ತಿ ಎತ್ತಿದ ಗಳಿಗೆಯಲ್ಲಿ ಕಂಪೈ ತನ್ನ ಕರ್ತವ್ಯದ ಜಾಗದಲ್ಲಿರದೆ ಒಕರುವಿನೊಡನೆ ಏಕಾಂತದಲ್ಲಿದ್ದ. ಆ ಒಂದು ತಪ್ಪಿನಿಂದ ಅವನು ತಲೆತಪ್ಪಿಸಿಕೊಂಡು ಅವಳ ಹಳ್ಳಿಯನ್ನು ಸೇರುತ್ತಾನೆ. ಅವನು ಮತ್ತೆ ಸೇಡಿನ ಕೂಟಕ್ಕೆ ಸೇರಲು ಹಣ ಬೇಕು. ಹಣಕ್ಕಾಗಿ ಒಕರುವನ್ನು ಕ್ಯೋತೊದ ಗಿಯೊನ್‌ನ ವೇಶ್ಯಾಗೃಹಕ್ಕೆ ಮಾರುತ್ತಾರೆ. ಕತ್ತಲೆಯಲ್ಲಿ ಕಾಡುಹಂದಿಯೆಂದು ಗುಂಡು ಹಾರಿಸಿದ ಕಂಪೈ, ತಾನು ಮಾವನನ್ನೇ ಕೊಂದೆನೆಂದು ತಪ್ಪಾಗಿ ತಿಳಿದು ಹೊಟ್ಟೆ ಸೀಳಿಕೊಳ್ಳುತ್ತಾನೆ. ಸಾಯುವ ಮುನ್ನ ಸತ್ಯ ಹೊರಬಿದ್ದು ಅವನ ಹೆಸರು ವೀರರ ಪಟ್ಟಿಗೆ ಸೇರುತ್ತದೆ. ಒಕರುವಿನ ಪಾಡು ಅಲ್ಲಿಗೂ ಮುಗಿಯುವುದಿಲ್ಲ. ಗುಟ್ಟಿನ ಪತ್ರವೊಂದನ್ನು ಕದ್ದು ಓದಿದಳೆಂಬ ಕಾರಣಕ್ಕೆ ಅವಳ ಸ್ವಂತ ಅಣ್ಣನೇ, ಅವಳನ್ನು ಕೊಂದರೆ ತನಗೂ ಆ ಕೂಟದಲ್ಲಿ ಜಾಗ ಸಿಕ್ಕೀತೆಂದು ಕತ್ತಿ ಎತ್ತುತ್ತಾನೆ. ಕಂಪೈನ ಹೆಸರು ಪಟ್ಟಿಗೆ ಏರಿದ್ದು ಒಕರುವಿನ ಮೈಯನ್ನು ಮಾರಿ ಬಂದ ಹಣದ ದಾರಿಯಿಂದ ಎಂಬುದನ್ನು ಆ ನಾಟಕ ಮುಚ್ಚಿಡುವುದಿಲ್ಲ. ಆದರೆ ಅದರ ಬಗ್ಗೆ ಹೆಚ್ಚು ಹೊತ್ತು ನಿಂತು ಯೋಚಿಸುವುದೂ ಇಲ್ಲ.

ಜಪಾನೀ ಸಿನಿಮಾದ ಮೊದಲ ಹದಿನೈದು ವರ್ಷಗಳೂ ಹಾಗೆಯೇ. ಜಪಾನೀ ಚಿತ್ರರಂಗದ ಪಿತಾಮಹನೆನಿಸಿದ ಮಕಿನೊ ಶೋಜೊ, 1909ರಿಂದ ಕಬುಕಿ ನಟ ಒನೊಯೆ ಮತ್ಸುನೊಸುಕೆಯನ್ನು ಇಟ್ಟುಕೊಂಡು ಒಂದರ ಮೇಲೊಂದು ಚಿತ್ರ ತೆಗೆಯುತ್ತ ಹೋದ. ದೊಡ್ಡ ಕಣ್ಣುಗಳ ಮತ್ಸುನೊಸುಕೆ ತನ್ನ ಜೀವಿತದಲ್ಲಿ ಸಾವಿರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದನೆಂದು ಹೇಳುತ್ತಾರೆ. ಕ್ಯಾಮೆರಾ ರಂಗಮಂಚದ ಎದುರಿನ ಪ್ರೇಕ್ಷಕನಂತೆ ಅಲುಗಾಡದೆ ನಿಂತಿರುತ್ತಿತ್ತು. ತೆರೆಯ ಪಕ್ಕದಲ್ಲಿ ಬೆನ್ಶಿ ಎಂಬ ಕಥನಕಾರ ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡುತ್ತಿದ್ದ. ಹೆಣ್ಣಿನ ಪಾತ್ರಗಳನ್ನು ಒನ್ನಗಾತ ಎನ್ನುವ ಗಂಡು ನಟರೇ ಮಾಡುತ್ತಿದ್ದರು. ಒನ್ನಗಾತರ ಕಲೆಯನ್ನು ಹೀಗಳೆಯುವುದು ನನ್ನ ಉದ್ದೇಶವಲ್ಲ, ರಂಗದ ಮೇಲೆ ಅದು ಅದ್ಭುತವಾದ ಕಲೆ. ಆದರೆ ದೂರದಲ್ಲಿ ನಿಂತ ಕ್ಯಾಮೆರಾ, ಶೈಲೀಕೃತವಾದ ಹೆಣ್ಣುವೇಷ ಮತ್ತು ಇನ್ನೊಬ್ಬನ ಬಾಯಿಂದ ಬರುವ ಮಾತು ಇವು ಮೂರೂ ಸೇರಿದಾಗ ಪ್ರೇಮಕ್ಕೆ ತೆರೆಯ ಮೇಲೆ ಮುಖವೇ ಇರಲಿಲ್ಲ. 1920ರ ದಶಕದ ಆರಂಭದಲ್ಲಿ ನಟಿಯರು ಬಂದರು, ಕ್ಯಾಮೆರಾ ಹತ್ತಿರಕ್ಕೆ ಬಂತು. ಅದೇ ಹೊತ್ತಿಗೆ, 1917ರಲ್ಲಿ ಸ್ಥಾಪನೆಯಾಗಿದ್ದ ಶಿಂಕೊಕುಗೆಕಿ ನಾಟಕ ತಂಡದ ಪ್ರಭಾವದಿಂದ ಕತ್ತಿವರಸೆಯೂ ನೃತ್ಯದ ಗತ್ತನ್ನು ಬಿಟ್ಟು ವೇಗವನ್ನೂ ಬೆವರನ್ನೂ ಪಡೆದುಕೊಂಡಿತು. ಹೊಸ ಬಗೆಯ ಈ ಚಾರಿತ್ರಿಕ ಚಿತ್ರಗಳಿಗೆ ಜಿದಾಯ್‌ಗೆಕಿ ಎಂಬ ಹೆಸರು ನೆಲೆಗೊಂಡಿತು.

ಆ ಹೊಸತನದ ಪೂರ್ಣ ರೂಪವನ್ನು ನಾವು ಇಂದಿಗೂ ನೋಡಬಹುದಾದ ಚಿತ್ರ ‘ಒರೋಚಿ’. 1925ರ ಈ ಚಿತ್ರವನ್ನು ನಿರ್ದೇಶಿಸಿದವನು ಫುತಗಾವ ಬುಂತರೊ, ಕಥೆ ಸುಸುಕಿತ ರೊಕುಹೇಯಿಯದು, ನಾಯಕ ತನ್ನದೇ ನಿರ್ಮಾಣ ಸಂಸ್ಥೆಯನ್ನು ಆಗಷ್ಟೇ ಕಟ್ಟಿದ್ದ ಬಂದೊ ತ್ಸುಮಸಬುರೊ. ಚಿತ್ರಕ್ಕೆ ಮೊದಲಿಟ್ಟ ಹೆಸರು ಪುಂಡ, ದಾರಿಗೆಟ್ಟವ ಎಂಬ ಅರ್ಥದ್ದಾಗಿತ್ತು. ಸೆನ್ಸಾರಿನವರ ಆಕ್ಷೇಪದಿಂದ ಅದು ಮಹಾಸರ್ಪ ಎಂಬರ್ಥದ ‘ಒರೋಚಿ’ಯಾಯಿತು. ಹೇಯಿಸಬುರೊ ಎಂಬ ಕೆಳದರ್ಜೆಯ ಯುವ ಸಮುರಾಯ್ ಒಬ್ಬ ಪಂಡಿತನ ಬಳಿ ಓದುತ್ತಿದ್ದಾನೆ, ಗುರುವಿನ ಮಗಳು ನಮಿಯೆಯನ್ನು ಮನಸ್ಸಿನಲ್ಲೇ ಪ್ರೀತಿಸುತ್ತಿದ್ದಾನೆ. ಔತಣವೊಂದರಲ್ಲಿ ಮೇಲಿನ ಮನೆತನದ ಹುಡುಗನೊಬ್ಬನ ಅವಮಾನವನ್ನು ಸಹಿಸದೆ ಜಗಳವಾದಾಗ ತಪ್ಪು ಇವನ ತಲೆಗೆ ಬರುತ್ತದೆ. ನಮಿಯೆಯ ಬಗ್ಗೆ ಕೆಟ್ಟ ಮಾತಾಡಿದವರ ಮೇಲೆ ಕೈಮಾಡಿದರೆ ಅದೂ ಇವನದೇ ತಪ್ಪಾಗುತ್ತದೆ, ಕೊನೆಗೆ ನಮಿಯೆಯೇ ಇವನನ್ನು ತಪ್ಪಾಗಿ ತಿಳಿಯುತ್ತಾಳೆ. ಗುರುವಿನ ಮನೆಯಿಂದ ಹೊರಬಿದ್ದ ಅವನು ರೋನಿನ್, ಅಂದರೆ ಒಡೆಯನಿಲ್ಲದ ಸಮುರಾಯ್ ಆಗಿ, ಸೆರೆಮನೆ ಕಂಡು, ಕಳ್ಳರ ಸಹವಾಸಕ್ಕೆ ಬಿದ್ದು, ಊರ ಕಣ್ಣಿನಲ್ಲಿ ನಿಜವಾಗಿಯೂ ಖಳನಾಗುತ್ತ ಹೋಗುತ್ತಾನೆ.

ಈ ಕಥೆಯಲ್ಲಿ ನನಗೆ ಮುಖ್ಯವಾಗಿ ತೋರುವುದು ಒಂದು ವಿಚಿತ್ರ ಸ್ಥಿತಿ. ಹೇಯಿಸಬುರೊ ಪ್ರೇಮಕ್ಕಾಗಿ ಕರ್ತವ್ಯವನ್ನು ಬಿಟ್ಟವನಲ್ಲ, ಕರ್ತವ್ಯಕ್ಕಾಗಿ ಪ್ರೇಮವನ್ನು ಬಿಟ್ಟವನೂ ಅಲ್ಲ. ಸಮುರಾಯ್ ಆದವನು ಅನ್ಯಾಯವನ್ನು ಎದುರಿಸಬೇಕೆಂದು ಕಲಿತದ್ದನ್ನು ಅಕ್ಷರಶಃ ಪಾಲಿಸಿದವನು. ಮೇಲಿನವರು ಆ ಪಾಠವನ್ನು ಪಾಲಿಸುವುದಿಲ್ಲ, ಆದರೆ ಪಾಲಿಸಿದವನನ್ನು ಶಿಕ್ಷಿಸುತ್ತಾರೆ. ಚಿತ್ರದ ಕೊನೆಯ ಭಾಗದಲ್ಲಿ ಅವನು ಜನಾನುರಾಗಿ ಎಂಬ ಹೆಸರುಳ್ಳ, ಒಳಗೆ ನೀಚನಾದ ಜಿರೊಜೊ ಎಂಬ ಮುಖಂಡನ ಮನೆಯಲ್ಲಿ ಆಶ್ರಯ ಪಡೆದಿರುತ್ತಾನೆ. ಅನ್ನ ಹಾಕಿದವನ ಋಣ ಈಗ ಅವನ ಮೇಲಿದೆ. ಅದೇ ಮನೆಗೆ ರೋಗಿಯಾದ ಗಂಡನೊಡನೆ ನಮಿಯೆ ಬಂದು ಸಿಕ್ಕಿಬೀಳುತ್ತಾಳೆ, ಜಿರೊಜೊ ಅವಳ ಮೇಲೆ ಕಣ್ಣು ಹಾಕುತ್ತಾನೆ. ಹೇಯಿಸಬುರೊ ಕತ್ತಿ ಹಿರಿದು ಅನ್ನ ಹಾಕಿದವನನ್ನೇ ಕೊಲ್ಲುತ್ತಾನೆ. ಆಮೇಲಿನ ಕಾಳಗ ಜಪಾನೀ ಮೂಕಿ ಚಿತ್ರಗಳಲ್ಲೇ ಹೆಸರುವಾಸಿಯಾದದ್ದು: ಹಗ್ಗ, ಏಣಿ, ಕೋಲುಗಳನ್ನು ಹಿಡಿದ ಪೊಲೀಸರ ಅಲೆಗಳು, ಅವುಗಳ ನಡುವೆ ಕೂದಲು ಕೆದರಿ ತತ್ತರಿಸುವ ಒಬ್ಬನೇ ಮನುಷ್ಯ. ಅವನು ಗೆಲ್ಲುವುದಿಲ್ಲ. ಬಂಧಿತನಾಗಿ ಬೀದಿಯಲ್ಲಿ ನಡೆಯುವಾಗ ಊರು ಅವನನ್ನು ಖಳನೆಂದೇ ನೋಡುತ್ತದೆ. ಅವನು ಏನು ಮಾಡಿದನೆಂದು ಬಲ್ಲವರು ನಮಿಯೆ ಮತ್ತು ಅವಳ ಗಂಡ ಮಾತ್ರ. ಇಲ್ಲಿ ಪ್ರೇಮಕ್ಕೆ ಫಲವಿಲ್ಲ, ಕೂಡುವಿಕೆಯಿಲ್ಲ. ಅವಳಿಗಿರುವ ಏಕೈಕ ಪಾತ್ರ ಸಾಕ್ಷಿಯದು. ನಾನು ಮೊದಲಿಗೆ ಹೇಳಿದ ಮಾತಿಗೆ ಈ ಚಿತ್ರ ಒಂದು ಅಪವಾದವೆಂದೂ ಒಪ್ಪಿಕೊಳ್ಳಬೇಕು. ಇಲ್ಲಿ ಬೆಲೆ ತೆತ್ತವನು ಗಂಡಸೇ. ಬಹುಶಃ ಅದಕ್ಕಾಗಿಯೇ ಅಂದಿನ ಅಧಿಕಾರಿಗಳಿಗೆ ಇದು ಇರಿಸುಮುರಿಸು ತಂದಿತು.

ಇತೊ ದಾಯ್‌ಸುಕೆಯ ಚಿತ್ರಗಳನ್ನು ಇಲ್ಲಿ ಸ್ಪರ್ಶಿಸಿ ಮುಂದೆ ಹೋಗುತ್ತೇನೆ, ಏಕೆಂದರೆ ಅವನ ನಾಯಕರು ಹೆಚ್ಚಾಗಿ ಜೂಜುಕೋರರು, ಕಳ್ಳರು. 1927ರ ‘ಚೂಜಿಯ ಪ್ರವಾಸದ ದಿನಚರಿ’ ಬಹುಕಾಲ ಕಳೆದುಹೋಗಿತ್ತೆಂದೇ ತಿಳಿಯಲಾಗಿತ್ತು. 1991ರಲ್ಲಿ ಅದರ ಭಾಗಗಳು ಸಿಕ್ಕಿದವು. ಅದರಲ್ಲಿ ಪಾರ್ಶ್ವವಾಯು ಬಡಿದು ಮಲಗಿದ ಚೂಜಿಯನ್ನು ಕೊನೆಯವರೆಗೆ ಕಾಯುವವಳು, ಪಿಸ್ತೂಲು ಹಿಡಿದು ಪೊಲೀಸರನ್ನು ತಡೆಯುವವಳು ಒಶಿನ ಎಂಬ ಹೆಣ್ಣು. ಫುಶಿಮಿ ನಾವೊಯೆ ಮಾಡಿದ ಆ ಪಾತ್ರವನ್ನು ನೋಡಿದವರಿಗೆ, ನಿಷ್ಠೆ ಎಂಬ ಗುಣ ಗಂಡಸರ ಗುತ್ತಿಗೆಯೆಂಬ ಭ್ರಮೆ ಉಳಿಯುವುದಿಲ್ಲ.

1930ರ ದಶಕದಲ್ಲಿ ಇದೇ ವಸ್ತುವನ್ನು ನಗುತ್ತ ನೋಡಿದವನು ಇತಾಮಿ ಮನ್ಸಾಕು. ಶಿಗ ನಾವೊಯನ ಸಣ್ಣಕಥೆಯನ್ನು ಆಧರಿಸಿದ ಅವನ 1936ರ ‘ಅಕನಿಶಿ ಕಕಿತ’ ಹದಿನೇಳನೆಯ ಶತಮಾನದ ದಾತೆ ಮನೆತನದ ಒಳಜಗಳಕ್ಕೆ ಸಂಬಂಧಿಸಿದ್ದು. ಕಕಿತ ಎದೊದ ಮನೆಯಲ್ಲಿ ಸೇವಕನ ವೇಷದಲ್ಲಿರುವ ಗೂಢಚಾರ. ಕುರೂಪಿ, ಹೊಟ್ಟೆನೋವಿನವನು, ಸಿಹಿತಿಂಡಿಪ್ರಿಯ. ಸಂಗ್ರಹಿಸಿದ ಸುದ್ದಿಯೊಡನೆ ಅವನು ಅಲ್ಲಿಂದ ಕಾಲ್ತೆಗೆಯಬೇಕು, ಆದರೆ ಯಾರಿಗೂ ಅನುಮಾನ ಬರಬಾರದು. ಗೆಳೆಯನೊಡನೆ ಸೇರಿ ಅವನು ಹೂಡುವ ಉಪಾಯವೆಂದರೆ, ಅರಮನೆಯ ಅತ್ಯಂತ ಚೆಲುವೆಯಾದ ಸಖಿಗೆ ಒಂದು ಪ್ರೇಮಪತ್ರ ಬರೆಯುವುದು. ಅವಳು ಖಂಡಿತ ತಿರಸ್ಕರಿಸುತ್ತಾಳೆ, ಎಲ್ಲರೂ ನಗುತ್ತಾರೆ, ನಾಚಿಕೆಯಿಂದ ಓಡಿಹೋದನೆಂದು ಲೋಕ ತಿಳಿಯುತ್ತದೆ. ಲೆಕ್ಕ ತಪ್ಪುವುದು ಒಂದೇ ಕಡೆ: ಅವಳು ಒಪ್ಪಿಬಿಡುತ್ತಾಳೆ. ಅವನ ಒಳ್ಳೆಯತನವನ್ನು ತಾನು ಮೊದಲಿನಿಂದಲೂ ಗಮನಿಸುತ್ತಿದ್ದೆನೆಂಬ ಅವಳ ಉತ್ತರ ಬಂದಾಗ, ಗೂಢಚಾರನಾಗಿ ಒಮ್ಮೆಯೂ ಬೆದರದ ಕಕಿತ ಮೊದಲ ಬಾರಿಗೆ ದಿಕ್ಕುತಪ್ಪುತ್ತಾನೆ. ಈ ಪಾತ್ರವನ್ನೂ ಕಥೆಯ ಗಂಭೀರ ಖಳನಾದ ಹರಾದ ಕಾಯ್‌ನ ಪಾತ್ರವನ್ನೂ ಕತಾವೊಕ ಚಿಯೆಜೊ ಒಬ್ಬನೇ ಮಾಡಿದ್ದಾನೆ. ಖಳನಿಗೆ ಕಬುಕಿಯ ಭಾರಿ ಗತ್ತು, ಕಕಿತನಿಗೆ ತೊದಲುವ ದಿನನಿತ್ಯದ ಮಾತು. ಒಡೆತನದ ರಾಜಕಾರಣವನ್ನು ಅಭಿನಯವಾಗಿಯೂ ಪ್ರೇಮವನ್ನು ಅಭಿನಯ ಸೋತ ಜಾಗವಾಗಿಯೂ ತೋರಿಸುವ ಈ ಜಾಣತನಕ್ಕೆ ಸಾಟಿಯಾದದ್ದು ಆ ಕಾಲದ ಹಾಸ್ಯಚಿತ್ರಗಳಲ್ಲಿ ನನಗೆ ಬೇರೆ ಕಂಡಿಲ್ಲ.

ಅದರ ಮರುವರ್ಷ ಬಂದ ಯಮನಾಕ ಸದಾವೊನ ‘ನಿಂಜೊ ಕಮಿಫೂಸೆನ್’ನಲ್ಲಿ, ಅಂದರೆ ‘ಮಮತೆ ಮತ್ತು ಕಾಗದದ ಬುಗ್ಗೆಗಳು’ ಚಿತ್ರದಲ್ಲಿ, ನಗು ಇದ್ದರೂ ಅದು ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಎದೊದ ಒಂದು ಬಡ ವಠಾರದಲ್ಲಿ ಮುದಿ ರೋನಿನ್ ಒಬ್ಬ ನೇಣು ಹಾಕಿಕೊಂಡಿರುವುದರೊಂದಿಗೆ ಚಿತ್ರ ಶುರುವಾಗುತ್ತದೆ. ಸೆಪ್ಪುಕು ಮಾಡಿಕೊಳ್ಳಲು ಅವನ ಬಳಿ ಕತ್ತಿಯೇ ಉಳಿದಿರಲಿಲ್ಲ, ಅದನ್ನು ಮಾರಿ ಬಿದಿರಿನ ಅಲಗು ಸಿಕ್ಕಿಸಿಕೊಂಡಿದ್ದ. ಅದೇ ವಠಾರದಲ್ಲಿ ಉನ್ನೊ ಮತಾಜುರೊ ಎಂಬ ಇನ್ನೊಬ್ಬ ರೋನಿನ್ ಇದ್ದಾನೆ. ತನ್ನ ತಂದೆಯಿಂದ ಉಪಕೃತನಾಗಿದ್ದ ಮೋರಿ ಎಂಬ ಅಧಿಕಾರಿ ತಂದೆಯ ಪತ್ರ ನೋಡಿದರೆ ಕೆಲಸ ಕೊಟ್ಟೇ ಕೊಡುತ್ತಾನೆಂದು ನಂಬಿ, ಮತ್ತೆ ಮತ್ತೆ ಅವನ ದಾರಿ ಕಾಯುತ್ತಾನೆ. ಮೋರಿ ಮತ್ತೆ ಮತ್ತೆ ತಪ್ಪಿಸಿಕೊಳ್ಳುತ್ತಾನೆ. ಋಣದ ಮೇಲೆ ನಿಂತ ಸಮಾಜದಲ್ಲಿ ಋಣವಿದ್ದವನೇ ಅದನ್ನು ಮರೆತರೆ ಕೆಳಗಿನವನು ಯಾರಿಗೆ ದೂರು ಕೊಡಬೇಕು? ಹೆಂಡತಿ ಒತಾಕಿ ಮನೆಯಲ್ಲಿ ಕುಳಿತು ಕಾಗದದ ಬುಗ್ಗೆಗಳನ್ನು ಅಂಟಿಸಿ ಸಂಸಾರ ನಡೆಸುತ್ತಾಳೆ, ಎಲ್ಲ ಸರಿಹೋಗುತ್ತಿದೆ ಎಂಬ ಗಂಡನ ಮಾತನ್ನು ನಂಬುತ್ತಾಳೆ. ಅವನು ಸುಳ್ಳು ಹೇಳಿದ್ದಾನೆ, ಮೇಲಾಗಿ ಪಕ್ಕದ ಮನೆಯ ಕ್ಷೌರಿಕ ಹೂಡಿದ ಅಪಹರಣದ ಹಂಚಿಕೆಯಲ್ಲೂ ಸೇರಿದ್ದಾನೆ ಎಂದು ತಿಳಿದ ರಾತ್ರಿ ಅವಳು ಚೂರಿ ಹಿಡಿಯುತ್ತಾಳೆ. ಮೊದಲು ಅವನು, ಆಮೇಲೆ ತಾನು. ಸಮುರಾಯ್ ಮನೆತನದ ಮಾನವನ್ನು ಕೊನೆಗೆ ಉಳಿಸಿದವಳು ಅವಳೇ ಎನ್ನಬಹುದು, ಆದರೆ ಆ ಮಾನದಿಂದ ಯಾರಿಗೆ ಏನು ಸಿಕ್ಕಿತೆಂಬುದನ್ನು ಯಮನಾಕ ನಮಗೇ ಬಿಟ್ಟಿದ್ದಾನೆ. ಅವನು ಅವಳ ಮುಖದ ಮೇಲೆ ಕಣ್ಣೀರನ್ನಾಗಲಿ ರೋಷವನ್ನಾಗಲಿ ತೋರಿಸುವುದಿಲ್ಲ. ಈ ಚಿತ್ರ ಬಿಡುಗಡೆಯಾದ 1937ರ ಆಗಸ್ಟಿನಲ್ಲೇ ಅವನಿಗೆ ಸೇನೆಯಿಂದ ಕರೆ ಬಂತು. ಮರುವರ್ಷ ಚೀನಾದಲ್ಲಿ ಅತಿಸಾರದಿಂದ ತೀರಿಕೊಂಡಾಗ ಅವನಿಗೆ 28 ವರ್ಷ. ಅವನ ಚಿತ್ರಗಳಲ್ಲಿ ಪೂರ್ಣವಾಗಿ ಉಳಿದಿರುವುದು ಮೂರೇ.

ಉನ್ನೊ ಮತಾಜುರೊನಾಗಿ ನಟಿಸಿದ ಕವರಸಾಕಿ ಚೋಜುರೊ ನಾಲ್ಕು ವರ್ಷಗಳ ನಂತರ 46 ಮಂದಿಯ ನಾಯಕ ಓಯಿಶಿಯಾಗಿ ತೆರೆಯ ಮೇಲೆ ಬಂದ. ಚಿತ್ರ ಮಿಜೊಗುಚಿ ಕೆಂಜಿಯ ‘ಗೆನ್ರೊಕು ಚೂಶಿಂಗುರ’, ಎರಡು ಭಾಗಗಳದು. ಮೊದಲನೆಯದು 1941ರ ಡಿಸೆಂಬರಿನಲ್ಲಿ, ಎರಡನೆಯದು 1942ರ ಆರಂಭದಲ್ಲಿ ಬಿಡುಗಡೆಯಾದವು. ಯುದ್ಧಕಾಲದ ಸರ್ಕಾರಕ್ಕೆ ಬೇಕಿದ್ದದ್ದು ಒಡೆಯನಿಗಾಗಿ ಸಾಯುವವರ ಕಥೆ. ಮಿಜೊಗುಚಿ ಕೊಟ್ಟದ್ದು ಸುಮಾರು ಮೂರೂಮುಕ್ಕಾಲು ಗಂಟೆಯ, ಕಾಳಗವೇ ಇಲ್ಲದ ಸೇಡಿನ ಚಿತ್ರ. ಎಲ್ಲರೂ ಕಾದು ಕುಳಿತಿರುವ ಆ ದಾಳಿಯನ್ನು ಅವನು ತೋರಿಸುವುದೇ ಇಲ್ಲ. ಅಸಾನೊನ ವಿಧವೆಯ ಮುಂದೆ ಪತ್ರವೊಂದನ್ನು ಓದಿಸಿ ಮುಗಿಸುತ್ತಾನೆ. ಬೇರೆಯವರು ಕತ್ತಿಗೆ ಕೊಡುತ್ತಿದ್ದ ಹೊತ್ತನ್ನು ಅವನು, ಮಾಯಾಮ ಸೇಯ್ಕನ ನಾಟಕವನ್ನು ಅನುಸರಿಸಿ, ಒಮಿನೊ ಎಂಬ ಹುಡುಗಿಗೆ ಕೊಟ್ಟ.

ಒಮಿನೊಳ ಕಥೆಯನ್ನು ಸ್ವಲ್ಪ ವಿವರವಾಗಿ ಹೇಳದೆ ನನ್ನ ಮಾತು ಸ್ಪಷ್ಟವಾಗುವುದಿಲ್ಲ. ಸೇಡಿನ ಕೂಟದ ಇಸೊಗಾಯ್ ಜುರೊಜಾಯೆಮೊನ್ ದಾಳಿಗೆ ಮುನ್ನ ಅವಳೊಡನೆ ಮದುವೆಯ ಮಾತಾಗಿ, ನಂತರ ಹೇಳದೆ ಕೇಳದೆ ಮಾಯವಾಗಿದ್ದ. ದಾಳಿ ಮುಗಿದು, ಓಯಿಶಿಯೂ ಅವನ ಸಂಗಡಿಗರೂ ಹೊಸೊಕಾವ ಮನೆತನದ ವಶದಲ್ಲಿ ಶಿಕ್ಷೆಗಾಗಿ ಕಾಯುತ್ತಿರುವಾಗ, ಅವಳು ಹುಡುಗನ ವೇಷ ತೊಟ್ಟು ಒಳಗೆ ಬರುತ್ತಾಳೆ. ಅವಳಿಗೆ ಬೇಕಾದದ್ದು ಅವನ ಪ್ರಾಣವಲ್ಲ, ಒಂದು ಪ್ರಶ್ನೆಗೆ ಉತ್ತರ: ಆ ನಿಶ್ಚಯ ಶತ್ರುಗಳ ಕಣ್ಣಿಗೆ ಮಣ್ಣೆರಚುವ ತಂತ್ರವಾಗಿತ್ತೆ, ಅಥವಾ ಅವನಿಗೆ ತನ್ನ ಮೇಲೆ ಮನಸ್ಸಿತ್ತೆ? ಓಯಿಶಿ ಮೊದಲು ಭೇಟಿಗೆ ಒಪ್ಪುವುದಿಲ್ಲ. ಸಾಯಲು ಸಿದ್ಧವಾದ ಮನಸ್ಸು ಕದಡೀತೆಂಬ ಅವನ ಭಯ ನಿಜವಾದದ್ದೇ. ಆದರೆ ಇಸೊಗಾಯ್ ತನ್ನ ಉಡುಪಿನೊಳಗೆ ಅವಳ ಕೊತೊ ವಾದ್ಯದ ಮೀಟುಗೋಲನ್ನು ಇಂದಿಗೂ ಇಟ್ಟುಕೊಂಡಿದ್ದಾನೆಂದು ತಿಳಿದಾಗ ಮಾತು ಮುಗಿಯುತ್ತದೆ. ಅವರು ಭೇಟಿಯಾಗುತ್ತಾರೆ. ಶಿಕ್ಷೆಯ ಆಜ್ಞೆ ಬಂದು ಗಂಡಸರು ಸಾವಿಗೆ ಸಜ್ಜಾಗುವಾಗ, ಅವರಿಗಿಂತ ಮೊದಲು ಒಮಿನೊ ತನ್ನನ್ನು ತಾನು ಇರಿದುಕೊಳ್ಳುತ್ತಾಳೆ.

ಈ ಪ್ರಸಂಗವನ್ನು ಹೆಣ್ಣೂ ಕರ್ತವ್ಯಕ್ಕೆ ಶರಣಾದಳೆಂದು ಓದುವವರಿದ್ದಾರೆ. ಈ ಉಪನ್ಯಾಸವನ್ನು ಮೊದಲು ಕೊಟ್ಟ ನಂತರ ಸಭಿಕರೊಬ್ಬರು, ಹಾಗಾದರೆ ಮಿಜೊಗುಚಿ ಸರ್ಕಾರಕ್ಕೆ ಬೇಕಾದ್ದನ್ನೇ ಕೊಟ್ಟಂತಾಗಲಿಲ್ಲವೆ ಎಂದು ಕೇಳಿದರು. ಪ್ರಶ್ನೆ ನ್ಯಾಯವಾದದ್ದು, ಅವನು ಆ ವ್ಯವಸ್ಥೆಯೊಳಗೇ ಕೆಲಸ ಮಾಡಿದವನು, ಅವನನ್ನು ಗುಟ್ಟಿನ ಬಂಡಾಯಗಾರನೆಂದು ಹೊಗಳುವುದು ಸುಲಭದ ದಾರಿ. ಆದರೂ ಚಿತ್ರದಲ್ಲಿ ಏನಿದೆಯೆಂದು ನೋಡೋಣ. ಓಯಿಶಿಯ ಇಡೀ ಯೋಜನೆ ಸೋಗಿನ ಮೇಲೆ ನಿಂತದ್ದು: ಕುಡುಕನ ಸೋಗು, ಮೋಜುಗಾರನ ಸೋಗು, ಮದುವೆಯ ಸೋಗು. ಆ ಸೋಗುಗಳಲ್ಲಿ ಯಾರ್ಯಾರ ಬದುಕು ಬಳಕೆಯಾಯಿತೆಂದು ಮೂರು ಗಂಟೆಗೂ ಹೆಚ್ಚು ಹೊತ್ತು ಯಾರೂ ಕೇಳಿರಲಿಲ್ಲ. ಸೇಡು ಮುಗಿದು, ಹೊಗಳಿಕೆ ಮುಗಿದು, ಪ್ರೇಕ್ಷಕ ಎದ್ದು ಹೋಗಲು ಸಿದ್ಧನಾದಾಗ ಒಬ್ಬ ಹುಡುಗಿ ಬಂದು ಕೇಳುತ್ತಾಳೆ, ಮತ್ತು ನಾಯಕನೇ ಕುಳಿತು ಅವಳಿಗೆ ಉತ್ತರ ಕೊಡಬೇಕಾಗುತ್ತದೆ. ಒಕರುವಿಗೆ ಸಿಗದ ಆ ಹೊತ್ತು ಒಮಿನೊಗೆ ಸಿಕ್ಕಿತು ಎಂಬುದೇ ನನ್ನ ಉತ್ತರ. ಅಂದಿನ ಪ್ರೇಕ್ಷಕರು ಈ ಚಿತ್ರವನ್ನು ಮೆಚ್ಚಲಿಲ್ಲ. ಹಣದ ದೃಷ್ಟಿಯಿಂದ ಅದು ಸೋತಿತು.

ಯುದ್ಧದ ನಂತರ, 1945ರ ಕೊನೆಯಲ್ಲಿ, ಅಮೆರಿಕದ ನೇತೃತ್ವದ ಆಡಳಿತ ಊಳಿಗಮಾನ್ಯ ನಿಷ್ಠೆಯನ್ನೂ ಸೇಡನ್ನೂ ಹೊಗಳುವ ವಸ್ತುಗಳನ್ನು ನಿಷೇಧಿಸಿ, ಇನ್ನೂರಕ್ಕೂ ಹೆಚ್ಚು ಹಳೆಯ ಚಿತ್ರಗಳ ಪ್ರದರ್ಶನವನ್ನು ನಿಲ್ಲಿಸಿತು. ಜಿದಾಯ್‌ಗೆಕಿ ಪೂರ್ಣ ಬಲದಿಂದ ಮರಳಿದ್ದು 1950ರ ದಶಕದಲ್ಲಿ. ಅದರ ಒಂದು ಚಿತ್ರವನ್ನು ನನ್ನ ಕಾಲಮಿತಿಯನ್ನು ಮೀರಿಯೂ ಹೆಸರಿಸಬೇಕು, ಏಕೆಂದರೆ ಅದರ ನಿರ್ದೇಶಕ ಕಿನುಗಾಸ ತೇಯ್‌ನೊಸುಕೆ ಮೂಕಿ ಚಿತ್ರಗಳ ಕಾಲದಲ್ಲಿ ಸ್ವತಃ ಒನ್ನಗಾತನಾಗಿ ನಾಯಕಿಯರ ಪಾತ್ರ ಮಾಡುತ್ತಿದ್ದವನು. 1953ರ ‘ಜಿಗೊಕುಮೊನ್’, ಅಂದರೆ ‘ನರಕದ ಬಾಗಿಲು’, ಹನ್ನೆರಡನೆಯ ಶತಮಾನದ ಹೇಯ್‌ಜಿ ದಂಗೆಯ ಕಾಲದ ಕಥೆ. ಮರುವರ್ಷ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿಯನ್ನು ಪಡೆಯಿತು. ಮೊರಿತೊ ಎಂಬ ಯೋಧ ಈಗಾಗಲೇ ಮದುವೆಯಾಗಿರುವ ಕೆಸಾಳನ್ನು ಬಯಸುತ್ತಾನೆ, ಒಪ್ಪದಿದ್ದರೆ ಅವಳ ಆಪ್ತರನ್ನು ಕೊಲ್ಲುವುದಾಗಿ ಬೆದರಿಸುತ್ತಾನೆ. ಅವಳು ಗಂಡನನ್ನು ಕೊಲ್ಲಲು ಅವನಿಗೆ ದಾರಿ ತೋರಿಸುವಂತೆ ನಟಿಸಿ, ಗಂಡನ ಹಾಸಿಗೆಯಲ್ಲಿ ತಾನೇ ಮಲಗಿ ಮೊರಿತೊನ ಕತ್ತಿಗೆ ಬಲಿಯಾಗುತ್ತಾಳೆ. ಹಳೆಯ ಕಾಲದವರು ಇಲ್ಲಿಗೆ ಕೈಮುಗಿದು ಕಥೆ ಮುಗಿಸುತ್ತಿದ್ದರು. ಕಿನುಗಾಸ ಮುಗಿಸುವುದಿಲ್ಲ. ಪಶ್ಚಾತ್ತಾಪದಿಂದ ತನ್ನನ್ನು ಕೊಲ್ಲೆಂದು ಬೇಡುವ ಮೊರಿತೊನನ್ನು ಗಂಡ ವತಾರು ಕೊಲ್ಲಲು ಒಪ್ಪುವುದಿಲ್ಲ, ಹೆಂಡತಿಯ ತ್ಯಾಗವನ್ನು ಹೊಗಳುವುದೂ ಇಲ್ಲ. ತನ್ನನ್ನು ನಂಬಿ ಒಂದು ಮಾತು ಏಕೆ ಹೇಳಲಿಲ್ಲವೆಂದು ಸತ್ತವಳನ್ನು ಕೇಳುತ್ತಾನೆ. ನಾನು ಇಂದು ಹೆಸರಿಸಿದ ಚಿತ್ರಗಳ ಗಂಡಸರಲ್ಲಿ ಆ ಪ್ರಶ್ನೆಯನ್ನು ಬಾಯಿಬಿಟ್ಟು ಕೇಳಿದವನು ಅವನೊಬ್ಬನೇ, ಮತ್ತು ಅವನು ಕೇಳುವ ಹೊತ್ತಿಗೆ ಹೇಳಬೇಕಾದವಳು ಇರಲಿಲ್ಲ.